ಗುರುಪುತ್ರಪ್ಪನ ಗಾಜಾ ಪದಕ

೧೯೮೧ರ ಆಗಸ್ಟ್ ೧೫, ಸಂಜೆ ಏಳು ಗಂಟೆ. ಖಾನಾಪುರ ಠಾಣೆಗೆ ಸಿದರಾಯ ಎಂಬ ರೈತ ಏದುಸಿರು ಬಿಡುತ್ತ ಓಡಿ ಬಂದ. ಅವನ ಅಣ್ಣ, ನಿವೃತ್ತ ಹವಾಲ್ದಾರ ಗುರುಪುತ್ರಪ್ಪನನ್ನು ಯಾರೋ ಮನೆಯಲ್ಲೇ ತಲೆ ಜಜ್ಜಿ ಕೊಂದಿದ್ದರು.

"ಯಾರ ಮ್ಯಾಲರ ಸಂಶಯ ಐತೇನು?" ಇನ್ಸ್‌ಪೆಕ್ಟರ್ ಬಸಯ್ಯ ಕೇಳಿದ.

"ಪದಕ ಕಳುವಾಗೇತ್ರಿ ಸಾಹೇಬ್ರ. ಗಾಜಾದಾಗ ಶಾಂತಿಪಡೆಯೊಳಗ ಇದ್ದಾಗ ವಿಶ್ವಸಂಸ್ಥೆಯವ್ರು ಕೊಟ್ಟಿದ್ದು. ಇವತ್ತ ಮುಂಜಾನಿ ಸಾಲ್ಯಾಗ ಝೆಂಡಾ ಹಾರಸೂವಾಗ ಎದಿಗೆ ಹಾಕ್ಕೊಂಡಿದ್ರು. ಕಲಾಯಿ ಹಾಕಾಂವ ಜಮಾಲಸಾಬ ಅದನ್ನ ಮಾರ್ತೀರೇನಂತ ಹ್ವಾದ ವಾರ ಕೇಳಿದ್ದ."

ಕಲಂ ೩೦೨, ೩೮೦ರಡಿ ಎಫ್‌ಐಆರ್ ಆಯಿತು. ಬಸಯ್ಯನಿಗೆ ಒಳಗೊಳಗೇ ಖುಷಿ. ದೂರಿನ ಜತೆಗೇ ಆರೋಪಿಯ ಹೆಸರೂ ಸಿಗುವ ಭಾಗ್ಯ ಎಷ್ಟು ಜನ ಪೊಲೀಸರಿಗುಂಟು?

ಪಂಚನಾಮೆಗೆ ಹೋದಾಗ ಹೆಣ ಅಡುಗೆಮನೆಯ ಒಲೆಯ ಮುಂದೆ ಬೋರಲಾಗಿ ಬಿದ್ದಿತ್ತು. ಬದಿಗೆ ರಕ್ತ ಹತ್ತಿದ ರುಬ್ಬುವ ಗುಂಡು. ಕೈಗಡಿಯಾರ ಕೈಯಲ್ಲೇ ಇತ್ತು. ಗೂಡಿನಲ್ಲಿ ಪದಕದ ಡಬ್ಬಿ ತೆರೆದಿತ್ತು. ಒಳಗೆ ಪದಕವಿಲ್ಲ, ಅದರ ಉಸುಕಿನ ಬಣ್ಣದ ರಿಬ್ಬನ್ ಮಾತ್ರ ನೀಟಾಗಿ ಮಡಿಚಿಟ್ಟಿತ್ತು.

"ನಾವಿಬ್ರೂ ಬಾವಿಗೆ ಹೋಗಿದ್ವಿರಿ. ಬಂದು ನೋಡಿದ್ರ ಹಿಂಗ," ಎಂದಳು ಹೆಂಡತಿ ಬಾಳವ್ವ. ಹದಿನೆಂಟರ ಮಗಳು ಕಾಂತಾ ಕಂಬಕ್ಕೆ ಮುಖ ಕೊಟ್ಟು ಕೂತಿದ್ದಳು. ಸೆರಗು ಜಾರಿದ ಬೆನ್ನಿನ ಮೇಲೆ ಒಂದು ದುಂಡನೆ ಸುಟ್ಟ ಕಲೆ.

"ಇದೇನು?"

"ಸಣ್ಣ ಕೂಸಿದ್ದಾಗ ಚುಟಿಗಿ ಹಾಕೇವ್ರಿ."

ಕೂಸು ಹೆಚ್ಚು ಅತ್ತರೂ ಕಾದ ಕಬ್ಬಿಣ ಮುಟ್ಟಿಸುವ ಸೀಮೆ ಅದು. ಬಸಯ್ಯನ ಹೊಟ್ಟೆಯ ಮೇಲೂ ಅಂಥದೊಂದು ಬರೆ ಇತ್ತು. ಅವನು ಮತ್ತೇನೂ ಕೇಳಲಿಲ್ಲ.

ಜಮಾಲಸಾಬನನ್ನು ಆ ರಾತ್ರಿಯೇ ಎಳೆದು ತಂದರು. ಕಾನ್‌ಸ್ಟೇಬಲ್ ಲಕ್ಷ್ಮಪ್ಪ ತನ್ನ ಕೆಲಸ ಶುರುಮಾಡಿದ. ಬಸಯ್ಯ ಬಾಜು ಕೋಣೆಯಲ್ಲಿ ಚಹಾ ಕುಡಿಯುತ್ತ ಕೂತ. ಕೂಗು ಕೇಳಿಸುತ್ತಿತ್ತು, ಅವನಿಗೆ ಅದು ರೂಢಿಯಾಗಿತ್ತು. ಎರಡನೆಯ ದಿನ ಜಮಾಲಸಾಬ ಒಪ್ಪಿಕೊಂಡ.

"ಪದಕ ಎಲ್ಲಿ?"

"ಬೆಳಗಾವಿ ರವಿವಾರ ಪ್ಯಾಟ್ಯಾಗ ಮಾರೇನ್ರಿ."

ಬೇಡಿ ಹಾಕಿ ಬೆಳಗಾವಿಗೆ ಒಯ್ದರು. ತಾಮ್ರದ ವ್ಯಾಪಾರಿ ಇವನ ಮುಖವನ್ನೇ ನೋಡಿರಲಿಲ್ಲ. "ಕಂಚಿನ ಬಿಲ್ಲಿ ಯಾರಿಗೆ ಬೇಕ್ರಿ ಸಾಹೇಬ್ರ? ರಿಬ್ಬನ್ ಇದ್ದರ ಪದಕ, ಇಲ್ಲಂದ್ರ ಗುಜರಿ," ಎಂದ.

ವಾಪಸು ಬರುವಾಗ ಬಸ್ಸಿನಲ್ಲಿ ಬಸಯ್ಯ ಹಲ್ಲು ಕಡಿದ. "ಸುಳ್ಳ್ಯಾಕ ಹೇಳಿದಿ?"

"ಬೆಳಗಾವಿಗೆ ಹೋಗಿ ಬರೂತನಕರ ಹೊಡ್ಯಾಂಗಿಲ್ಲಲ್ರಿ," ಎಂದ ಜಮಾಲಸಾಬ, ಬಾತುಹೋದ ಬಲಗೈಯನ್ನು ಮಡಿಲಲ್ಲಿಟ್ಟುಕೊಂಡು.

ಮರುದಿನ, ೧೮ರ ಮುಂಜಾನೆ, ಬಸಯ್ಯ ಜಳಕಕ್ಕೆ ಕೂತಾಗ ಕಣ್ಣು ತನ್ನ ಹೊಟ್ಟೆಯ ಮೇಲೆ ಬಿತ್ತು. ಕೂಸಿದ್ದಾಗ ಗೋದಿ ಕಾಳಿನಷ್ಟಿದ್ದ ಬರೆ, ಹೊಟ್ಟೆ ಬೆಳೆದಂತೆ ತಾನೂ ಹಿಗ್ಗಿ, ಅಂಚು ಕಳೆದು ಮಾಸಲಾಗಿತ್ತು. ಕಾಂತಾಳ ಬೆನ್ನಿನ ಕಲೆ ಹಾಗಿರಲಿಲ್ಲ. ದುಂಡು ಚೂರೂ ಕೆಟ್ಟಿರಲಿಲ್ಲ; ಅಂಚು ಗೆರೆ ಎಳೆದಂತಿತ್ತು. ಅದು ಕೂಸಿಗೆ ಹಾಕಿದ ಚುಟಿಗಿಯಲ್ಲ, ಬೆಳೆದ ಹುಡುಗಿಗೆ ಹಾಕಿದ ಬರೆ. ಇನ್ನು ರಿಬ್ಬನ್ ಬಿಚ್ಚಿ ಮಡಿಚಿಟ್ಟು ಹೋಗುವ ಕಳ್ಳನನ್ನು ಯಾರು ಕಂಡಿದ್ದಾರೆ? ತಲೆಗೆ ನೀರು ಹಾಕಿಕೊಳ್ಳದೆಯೇ ಎದ್ದ.

ಸಾವಿನ ಮನೆಯಲ್ಲಿ ಒಲೆ ಹೊತ್ತಿಸಿರಲಿಲ್ಲ. ಊಟ ನೆರೆಮನೆಯಿಂದ ಬರುತ್ತಿತ್ತು. ಬಸಯ್ಯ ಹೇಳಿದಂತೆ ಲಕ್ಷ್ಮಪ್ಪ ಪಂಚರೆದುರು ಒಲೆಯ ಬೂದಿ ಜರಡಿ ಹಿಡಿದ. ಪದಕ ಕಪ್ಪಾಗಿ ಮೇಲೆ ಬಂತು.

"ರಿಬ್ಬನ್ ಬಿಚ್ಚಿದಾಂವ ಯಾರವ್ವಾ?" ಬಸಯ್ಯ ಕೇಳಿದ.

ಬಾಳವ್ವ ತಲೆಯೆತ್ತಲಿಲ್ಲ. "ಅವರ ಬಿಚ್ಚತಿದ್ರು. ಅದು ಸುಡಬಾರದಂತ ಭಾಳ ಜ್ವಾಕಿ. ಆಮ್ಯಾಲ ಇಕ್ಕಳದಾಗ ಪದಕ ಹಿಡದು ಒಲಿಯೊಳಗ ಕಾಸತಿದ್ರು."

"ಎಂದಿನಿಂದ?"

"ನನಗ ಮದಿವ್ಯಾದಾಗಿಂದ. ಹುಡುಗಿ ದೊಡ್ಡಾಕಿ ಆದಮ್ಯಾಲ ಅಕಿಗೂ."

"ಅವತ್ತೇನಾತು?"

"ಝೆಂಡಾದ ಮುಂದ ಇವರು ಸೆಲ್ಯೂಟ್ ಹೊಡಿಯೂವಾಗ ಅಕಿ ನಕ್ಕಳಂತ. ಯಾವಾಗಲೂ ಬೆನ್ನಿಗಿ, ತೊಡಿಗಿ ಹಾಕತಿದ್ರು, ಯಾರಿಗೂ ಕಾಣತಿರಲಿಲ್ಲ. ಅವತ್ತ ಗಲ್ಲಕ್ಕ ಹಾಕತೀನಂದ್ರು. ಮುಂದಿನ ವಾರ ವಡಗಾವಿಯಿಂದ ಹುಡುಗಿ ನೋಡಾಕ ಬರಾವ್ರಿದ್ರು... ಕಾಸಾಕ ಬಗ್ಗಿದ್ರು. ಹಿಡದಿದ್ದ ಕೈ ಬಿಟ್ಟು ಗುಂಡು ಎತ್ತಿದೆ."

"ಯಾರ ಕೈ?"

"ಕಾಂತಾಂದ್ರಿ. ಹಾಕೂವಾಗೆಲ್ಲಾ ಹಿಡಿಯಾಕಿ ನಾನ."

ಬಸಯ್ಯನಿಗೆ ಬಾಜು ಕೋಣೆಯಲ್ಲಿ ಕೂಗು ಕೇಳುತ್ತ ತಾನು ಕುಡಿದ ಚಹಾ ನೆನಪಾಗಿರಬೇಕು. ವರದಿಯಲ್ಲಿ ಮಾತ್ರ ಕಾರಣ "ಕೌಟುಂಬಿಕ ಕಲಹ" ಎಂದಷ್ಟೇ ಬರೆದ. ಜಮಾಲಸಾಬನನ್ನು ಬಿಟ್ಟರು, ಅವನ ಬಲಗೈಯ ಎರಡು ಬೆರಳು ಮತ್ತೆಂದೂ ಮಡಚಲಿಲ್ಲ. ತಪ್ಪಾಯಿತೆಂದು ಠಾಣೆಯಲ್ಲಿ ಯಾರೂ ಅನ್ನಲಿಲ್ಲ.

ಅಂದು ಜೀಪು ಹತ್ತುವ ಮೊದಲು ಬಾಳವ್ವ ಹೊಸ್ತಿಲತ್ತ ತಿರುಗಿದಳು. "ಕಾಂತಾ, ಬಾರವ್ವಾ," ಎಂದು ಕೈ ಚಾಚಿದಳು. ಕಾಂತಾ ಎರಡೂ ಕೈಗಳನ್ನು ಬೆನ್ನ ಹಿಂದೆ ಅಡಗಿಸಿಕೊಂಡಳು.