ಸಾವಿರ ಡಿಸ್ಕೋ ಹಾಡಿನ ಹುಡುಗ

ಹುಡುಗನ ಹವ್ಯಾಸ ಏನೆಂದು ನನ್ನ ಅಪ್ಪ ಕೇಳಿದಾಗ ಅವನು ಜೇಬಿನಿಂದ ಒಂದು ಪೆನ್‌ಡ್ರೈವ್ ತೆಗೆದು ಅವಲಕ್ಕಿ ತಟ್ಟೆಯ ಪಕ್ಕದಲ್ಲಿಟ್ಟ.

"ಹಳೇ ಡಿಸ್ಕೋರಿ. ಹಿಂದಿ, ಇಂಗ್ಲಿಷ್ ಎಲ್ಲಾ ಕೂಡಿ ಸಾವಿರದ ಮ್ಯಾಲ ಅದಾವ್ರಿ. ಮುಧೋಳ, ಮಿರಜ, ಎಲ್ಲಿ ಹಳೇ ಕ್ಯಾಸೆಟ್ ಸಿಕ್ರೂ ಬಿಟ್ಟಿಲ್ರಿ. ರೀಮಿಕ್ಸ್ ಒಂದೂ ಇಲ್ಲ, ಎಲ್ಲಾ ಅಸಲಿ."

ಅಸಲಿ ಕಸ! ಕನ್ಯೆ ನೋಡಲು ಬಂದವನು ಆಡುವ ಮಾತೇ ಇದು? ಪರದೆಯ ಹಿಂದೆ ಚಹದ ಟ್ರೇ ಹಿಡಿದು ನಿಂತಿದ್ದ ನನಗೆ ನಗು ಕೂಡ ಬರಲಿಲ್ಲ. ನಾನು ಗಂಗಾಂಬಿಕಾ, ಜಮಖಂಡಿಯಲ್ಲಿ ಮಕ್ಕಳಿಗೆ ಹಿಂದೂಸ್ತಾನಿ ಕಲಿಸುತ್ತೇನೆ. ಒಂದು ಷಡ್ಜ ಸರಿಯಾಗಿ ನಿಲ್ಲಲು ನನಗೆ ವರ್ಷಗಳೇ ಹಿಡಿದವು. ಡಿಸ್ಕೋ ಎಂದರೆ ಡಬ್ಬ ಬಡಿಯುವುದು. ಸಾವಿರ ಡಿಸ್ಕೋ ಎಂದರೆ ಅದೇ ಡಬ್ಬವನ್ನು ಸಾವಿರ ಸಲ ಬಡಿಯುವುದು.

ಚಹ ಕೊಟ್ಟು ಅವ್ವನ ಪಕ್ಕ ಕುಳಿತೆ. ಹೆಸರು ಮಾಂತೇಶ, ಬನಹಟ್ಟಿಯ ಪವರ್‌ಲೂಮ್ ಮನೆತನ. ಅಂಗಿ ಮಿರಿಮಿರಿ ಮಿಂಚುತ್ತಿತ್ತು. ಕಣ್ಣು ಮಾತ್ರ ಚೆಂದ ಇದ್ದವು, ಅದರಲ್ಲಿ ಅವನ ಹೆಚ್ಚುಗಾರಿಕೆ ಏನೂ ಇಲ್ಲ. ಅವನು ಕದ್ದು ನೋಡಿದ, ನಾನು ನೇರವಾಗಿ ನೋಡಿದೆ. ಅವನೇ ಕಪ್ಪಿನತ್ತ ಕಣ್ಣಿಳಿಸಿದ.

"ಡಿಸ್ಕೋನ ಯಾಕ್ರಿ? ಕಿವಿ ಛಲೋ ಅದಾವಲ್ಲ?" ಎಂದೆ.

ಅವ್ವ ನನ್ನ ತೊಡೆ ಚಿವುಟಿದಳು. ಅವನು ನಕ್ಕ.

"ಮಗ್ಗ ನಡದಾಗ ಬ್ಯಾರೆ ಹಾಡು ಕೇಳಸೂದಿಲ್ರಿ. ಆ ಸಪ್ಪಳದಾಗ ನಿಮ್ಮ ಆಲಾಪ ಸತ್ತ ಹೋಗತೈತಿ. ಡಿಸ್ಕೋ ಸಾಯಂಗಿಲ್ಲ."

"ಸಾಯಬೇಕಾಗಿತ್ತು."

"ನೀವ ಕೊಂದಬಿಡ್ರಿ" ಎಂದ, ನನಗೆ ಮಾತ್ರ ಕೇಳಿಸುವಂತೆ.

ಎಂಥ ಅಧಿಕಪ್ರಸಂಗಿ! ನನ್ನ ಕೆನ್ನೆ ಬಿಸಿಯಾಯಿತು. ಸಿಟ್ಟಿಗೆ ಎಂದುಕೊಂಡೆ.

ಅಷ್ಟರಲ್ಲಿ ಅವನ ಕಾಕಾ ಗಿರಿಮಲ್ಲಪ್ಪ ಮೀಸೆ ಒರೆಸಿಕೊಂಡು, ಬಂದವರೆಲ್ಲ ಹೇಳುವ ಮಾತನ್ನೇ ಹೇಳಿದರು. "ಹುಡುಗಿ ಹಾಡತಾಳಂತಲ್ಲ. ಒಂದ ಹಾಡು ಹೇಳವಾ ತಂಗಿ."

ಮದುವೆಯೇ ಬೇಡ ಅನ್ನಿಸಿದ್ದು ಈ ಮಾತಿನಿಂದ. ಬಂದವರೆಲ್ಲ ಹಾಡಿಸಿದರು, ಹಾಡಿನ ನಡುವೆ ಚುಡಾ ಅಗಿದರು, ಎತ್ತಿನ ಹಲ್ಲು ನೋಡುವ ಹಾಗೆ ನನ್ನ ಗಂಟಲು ನೋಡಿ ಹೋದರು. ಇನ್ನು ಯಾರ ಮುಂದೆಯೂ ಹೀಗೆ ಹಾಡುವುದಿಲ್ಲ, ಕನ್ಯೆಯಾಗೇ ಉಳಿದರೂ ಸರಿ ಎಂದು ಗಟ್ಟಿ ಮಾಡಿಕೊಂಡಿದ್ದೆ.

"ಹಾಡತೀನ್ರಿ. ಮೊದಲ ನಿಮ್ಮ ಹುಡುಗ ಕುಣೀಲಿ" ಎಂದೆ. "ಸಾವಿರ ಹಾಡು ಅದಾವಲ್ಲ. ಒಂದ ಹಚ್ಚಿ ಕುಣೀರಿ, ನೋಡೂಣು."

ಅಪ್ಪನ ಮುಖ ಬಿಳಿಚಿತು. ಅವಮಾನವಾಗಿ ಎದ್ದು ಹೋಗುತ್ತಾನೆ ಎಂದೇ ನಾನು ಹಾಗೆ ಹೇಳಿದ್ದು. ಅವನು ಎದ್ದ, ಆದರೆ ಹೋಗಲಿಲ್ಲ. ಪೆನ್‌ಡ್ರೈವನ್ನು ನಮ್ಮ ಟಿ.ವಿ.ಗೆ ಸಿಕ್ಕಿಸಿದ. ಧಮ್ ಧಮ್ ಎಂದು ಶುರುವಾಯಿತು.

ಅಯ್ಯೋ ಆ ಕುಣಿತವೇ! ತಾಳ ಒಂದು ಕಡೆ, ಕಾಲು ಇನ್ನೊಂದು ಕಡೆ. ಮೈಗೆ ಜೇನು ಮುತ್ತಿದವರ ಹಾಗೆ ಕೈ ಬೀಸಿದ. ಇಷ್ಟೆಲ್ಲ ಡಿಸ್ಕೋ ಕೂಡಿಸಿದವನಿಗೆ ನೆಟ್ಟಗೆ ಒಂದು ಹೆಜ್ಜೆ ಬರುತ್ತಿರಲಿಲ್ಲ. ನಾಚಿಕೆಯಿಂದ ಕಿವಿ ಕೆಂಪಾಗಿದ್ದವು. ಆದರೂ ಹಾಡು ಮುಗಿಯುವವರೆಗೆ ನಿಲ್ಲಲಿಲ್ಲ.

ಏದುಸಿರು ಬಿಡುತ್ತ ಕಾಕಾನತ್ತ ತಿರುಗಿದ.

"ಕಾಕಾ, ಮಂದಿ ಮುಂದ ಹಿಂಗ ನಿಂದ್ರೂದು ಎಷ್ಟ ತ್ರಾಸ ಐತಿ ಅಂತ ಈಗ ಗೊತ್ತಾತ್ರಿ. ಅವರಿಗೆ ಹಾಡು ಅನಬ್ಯಾಡ್ರಿ. ಮನಸ್ಸು ಬಂದಾಗ ಅವರ ಹಾಡ್ತಾರ."

ನನಗೆ ಅಳು ಬಂತು. ಯಾರಾದರೂ ಒಬ್ಬರು ಹೇಳಲಿ ಎಂದು ಕಾದಿದ್ದ ಮಾತನ್ನು ಈ ಮಿಂಚುವ ಅಂಗಿಯವನು ಹೇಳಿಬಿಟ್ಟಿದ್ದ.

"ಮರ್ಯಾದಿ ತಗದೆಲ್ಲೋ! ನಡಿ, ಈ ಸಂಬಂಧ ಇಲ್ಲಿಗೆ ಮುಗೀತು." ಗಿರಿಮಲ್ಲಪ್ಪ ಹೊರಗೆ ಹೋಗಿ ಚಪ್ಪಲಿ ಹುಡುಕತೊಡಗಿದರು. ಮಾಂತೇಶ ಪೆನ್‌ಡ್ರೈವ್ ಕಿತ್ತುಕೊಂಡು, ನನ್ನತ್ತ ನೋಡದೆ ಅವರ ಹಿಂದೆ ನಡೆದ.

ಈಗ ಸುಮ್ಮನಿದ್ದರೆ ಅವನು ಹೋಗೇಬಿಡುತ್ತಾನೆ.

"ನಿಂದರ್ರಿ!" ಎಂದೆ. ಓಣಿಗೆಲ್ಲ ಕೇಳಿಸಿರಬೇಕು. "ಕಾಕಾ, ಇಷ್ಟ ಕೆಟ್ಟ ಕುಣಿಯಾಂವನ್ನ ನಾ ಎಲ್ಲೂ ನೋಡಿಲ್ರಿ. ಡಿಸ್ಕೋ ನನಗ ಇವತ್ತಿಗೂ ಕಸಾನ. ಆದ್ರ ಈ ಹುಡುಗ ನನಗ ಬೇಕ್ರಿ."

ಅವ್ವ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಗಿರಿಮಲ್ಲಪ್ಪ ಒಂದೇ ಕಾಲಿಗೆ ಚಪ್ಪಲಿ ಮೆಟ್ಟಿಕೊಂಡು ನಿಂತುಬಿಟ್ಟರು. ಮಾಂತೇಶ ತಿರುಗಿದ. ಈ ಸಲ ಕಣ್ಣಿಳಿಸಿದವಳು ನಾನು.

"ಖರೇನ?"

"ಖರೆ. ಆದ್ರ ಲಗ್ನದಾಗ ಡಿಸ್ಕೋ ಹಚ್ಚಿದ್ರ ಮಂಟಪ ಬಿಟ್ಟ ಎದ್ದ ಹೋಗ್ತೀನಿ."

"ಇಲ್ರಿ, ಹಚ್ಚೂದಿಲ್ರಿ."

ಸುಳ್ಳುಗಾರ. ಅವನ ಪಾದ ಆಗಲೇ ಹೊಸ್ತಿಲ ಮೇಲೆ ತಾಳ ಹಾಕುತ್ತಿತ್ತು, ಅದೂ ತಪ್ಪಾಗಿ. ಜೀವನದಲ್ಲಿ ಮೊದಲ ಸಲ ನನಗೆ ತಪ್ಪು ತಾಳವನ್ನು ತಿದ್ದಬೇಕು ಅನ್ನಿಸಲಿಲ್ಲ.