ನಿಲ್ಹಾನ್ ನುಂಗಿಕೊಂಡ ಮಾತು

"ಪಾತ್ರ ಇದೆ ಅಂತ ಗೊತ್ತಾಯ್ತು, ಬಂದೆ," ಎಂದ ಅವನು, ಬಾಗಿಲಲ್ಲೇ ನಿಂತು.

ನಿಲ್ಹಾನ್ ತಲೆ ಎತ್ತಲಿಲ್ಲ. ಹನ್ನೆರಡು ವರ್ಷಗಳಿಂದ ಇಸ್ತಾಂಬುಲ್‌ನ ಮನೆಮನೆಯ ಟಿವಿಯಲ್ಲೂ ಕೇಳಿಬರುತ್ತಿದ್ದ ದನಿ ಅದು.

ಓರ್ಹುನ್...

ಕಾಡಿಕೋಯ್ ಬಡಾವಣೆಯ ಈ ಪುಟ್ಟ ರಂಗಮಂದಿರದಲ್ಲೇ ಇಬ್ಬರೂ ನಟನೆ ಕಲಿತದ್ದು, ಪ್ರೀತಿಸಿದ್ದು. ಮೊದಲ ಪ್ರದರ್ಶನದ ಮಧ್ಯಂತರದಲ್ಲಿ ಹಿಂಬಾಗಿಲಿನಿಂದ ಹೊರಹೋದವನು ತಿರುಗಿ ಬರಲಿಲ್ಲ. ಎರಡನೇ ಅಂಕದಲ್ಲಿ, ರಂಗದ ಮೇಲೆ ಇಲ್ಲದ ಗಂಡನ ಜೊತೆ ಮಾತಾಡುತ್ತಾ ಅವಳೊಬ್ಬಳೇ ನಿಂತಳು. ಜನ ನಕ್ಕರು.

ತಿಂಗಳೊಳಗೆ ಬಸ್ಸುಗಳ ಮೇಲೆ ಅವನ ಮುಖ ಬಂತು. ಹೊಸ ಧಾರಾವಾಹಿಯ ನಾಯಕ!

ಈಗ ಇಲ್ಲಿ ನಿರ್ದೇಶಕಿ, ನಾಯಕಿ ಎರಡೂ ಅವಳೇ.

"ಟಿವಿಯವರು ಕೈಬಿಟ್ರಾ, ಓರ್ಹುನ್ ಬೇ?" ಒಂದು ಕಾಲದಲ್ಲಿ ಬರೀ ಹೆಸರು ಹಿಡಿದು ಕರೆಯುತ್ತಿದ್ದವಳು ಬೇಕೆಂದೇ ಆ 'ಬೇ' ಎಂಬ ಗೌರವ ಸೇರಿಸಿದಳು.

"ಬಿಟ್ರು. ವಯಸ್ಸಾಯ್ತಂತೆ."

"ಟಿವಿ ಥರ ಇಲ್ಲಿ ಕಿವಿಯೊಳಗೆ ಮಾತು ಹೇಳ್ಕೊಡೋರು ಯಾರೂ ಇಲ್ಲ."

"ಗೊತ್ತು."

ಬೇಡ ಎನ್ನಬಹುದಿತ್ತು. ಆದರೆ ಬೇಡವೆಂದರೆ ಸುಮ್ಮನೆ ಹೋಗಿಬಿಡುತ್ತಾನೆ. ಅಷ್ಟು ಸುಲಭವಾಗಿ ಬಿಡಲು ಅವಳಿಗೆ ಮನಸ್ಸಿರಲಿಲ್ಲ.

"ನಾಳೆ ಹತ್ತಕ್ಕೆ ಬಾ."

ಆರು ವಾರ ತಾಲೀಮು ನಡೆಯಿತು. ಚಹಾದ ಲೋಟ ಹಿಡಿದಾಗಲೆಲ್ಲ ಅವನ ಕೈ ನಡುಗುವುದನ್ನು ಅವಳು ನೋಡಿದಳು. 'ಇದೂ ನಟನೆ... ಇವನಿಗೆ ಬರೋದು ಅದೊಂದೇ.'

ತನ್ನ ಉಪಾಯವನ್ನು ಉಡುಪು ಹೊಲಿಯುವ ನಜಿಯೆ ಅಕ್ಕನಿಗೆ ಮಾತ್ರ ಹೇಳಿದಳು.

"ಅವನದು ಹಡಗಿನಿಂದ ವಾಪಸ್ ಬರೋ ಗಂಡನ ಪಾತ್ರ ಅಲ್ವಾ? 'ನನ್ನ ಗುರುತು ಸಿಕ್ಕಿತಾ?' ಅಂತ ಕೇಳ್ತಾನೆ. ನಾನು ಬಾಯೇ ಬಿಡಲ್ಲ. ಮುಂದಿನ ಸಾಲಲ್ಲಿ ಪತ್ರಿಕೆಯವರೆಲ್ಲ ಕೂತಿರ್ತಾರೆ. ಅಲ್ಲೇ ಬೆವರಿ ಸಾಯ್ಲಿ."

ನಜಿಯೆ ಅಕ್ಕ ಸೂಜಿ ಕೆಳಗಿಟ್ಟಳು. "ನಾಟಕ ನಿಂದು ಕಣೇ. ಅದೂ ಸಾಯುತ್ತೆ."

"ಸಾಯ್ಲಿ ಅಕ್ಕ."

ಭಾನುವಾರ ಮಧ್ಯಾಹ್ನದ ಪ್ರದರ್ಶನ. ಒಂದು ಕುರ್ಚಿಯೂ ಖಾಲಿ ಇರಲಿಲ್ಲ.

"ನನ್ನ ಗುರುತು ಸಿಕ್ಕಿತಾ?" ಓರ್ಹುನ್ ಕೇಳಿದ.

ನಿಲ್ಹಾನ್ ಮಾತನ್ನು ನುಂಗಿಕೊಂಡಳು.

ಯಾರೋ ಕೆಮ್ಮಿದರು. ಅವನ ಹಣೆಯ ಮೇಲೆ ಬೆವರು ಮೂಡಿತು. ಎದೆಯೊಳಗೆ ಅವಳಿಗೆ ಹಬ್ಬ. ಅವನ ಕಣ್ಣು ಹಿಂಬಾಗಿಲ ಕಡೆ ಹೊರಳಿತು. ನಾಲ್ಕೇ ಹೆಜ್ಜೆ.

'ಓಡು... ಓಡು ನೋಡೋಣ.'

ಅವನು ಓಡಲಿಲ್ಲ. ಅವಳೆದುರಿನ ಕುರ್ಚಿ ಎಳೆದು ಕುಳಿತ.

"ಈಗ್ಲೇ ಹೇಳ್ಬೇಡ," ಎಂದ. ಅದು ನಾಟಕದ ಮಾತಲ್ಲ. "ನಿಂಗೆ ಯಾವಾಗ ಹೇಳ್ಬೇಕು ಅನ್ಸುತ್ತೋ ಆಗ ಹೇಳು. ನಾನು ಕೂತಿರ್ತೀನಿ."

ಯಾರೂ ನಗಲಿಲ್ಲ. ಮುಂದಿನ ಸಾಲಿನ ಹೆಂಗಸೊಬ್ಬಳು ಕಣ್ಣೊರೆಸಿಕೊಂಡಳು. ಮಂಡಿಯ ಮೇಲಿದ್ದ ಅವನ ಬೆರಳುಗಳು ಅದುರುತ್ತಲೇ ಇದ್ದವು, ಆದರೂ ಅವನು ಏಳಲಿಲ್ಲ. ಅದು ನಟನೆಯಲ್ಲ ಎಂದು ನಿಲ್ಹಾನ್‌ಗೆ ಆಗ ಹೊಳೆಯಿತು.

"ಸಿಕ್ಕಿತು," ಎಂದಳು ಕೊನೆಗೆ. ದನಿ ಅವಳ ಹಿಡಿತದಲ್ಲಿರಲಿಲ್ಲ.

ತೆರೆ ಬಿದ್ದ ಮೇಲೆ ಬಣ್ಣದ ಕೋಣೆಗೆ ನೇರ ನುಗ್ಗಿದಳು. "ನಿಂಗೆ ಗೊತ್ತಿತ್ತಾ?"

"ಗುರುವಾರಾನೇ ನಜಿಯೆ ಅಕ್ಕ ಹೇಳಿದ್ರು."

"ಗೊತ್ತಿದ್ದೂ ಬಂದ್ಯಾ?"

ಓರ್ಹುನ್ ಮುಖ ಒರೆಸುವುದನ್ನು ನಿಲ್ಲಿಸಿದ. "ಆವತ್ತು ಮಧ್ಯಂತರದಲ್ಲಿ ನನ್ನ ತಲೆ ಖಾಲಿಯಾಗಿತ್ತು. ಒಂದೇ ಒಂದು ಮಾತೂ ನೆನಪಿಗೆ ಬರ್ಲಿಲ್ಲ. ಹೆದರಿ ಓಡಿದೆ. ಧಾರಾವಾಹಿ ಸಿಕ್ಕಿದ್ದು ಆಮೇಲೆ. ಅಲ್ಲಿ ಮಾತು ಮರೆತ್ರೆ ಅದೇ ದೃಶ್ಯ ಮತ್ತೆ ಶೂಟ್ ಮಾಡ್ತಾರೆ."

"ಹೆಸರಿನ ಆಸೆಗೆ ಹೋದೆ ಅಂತ ನಾನು..."

"ಹೇಡಿ ಅನ್ನಿಸಿಕೊಳ್ಳೋದಕ್ಕಿಂತ ಅದೇ ವಾಸಿ ಅಂತ ಸುಮ್ಮನಿದ್ದೆ. ನಿನ್ನನ್ನ ಯಾವ ಜಾಗದಲ್ಲಿ ಬಿಟ್ಟು ಹೋಗಿದ್ದೆ ಅಂತ ಒಂದ್ಸಲ ನಾನೂ ನಿಂತು ನೋಡ್ಬೇಕಿತ್ತು, ನಿಲ್ಹಾನ್."

ಅವಳು ಅವನ ಕೈಲಿದ್ದ ಒದ್ದೆ ಟವೆಲ್ಲನ್ನು ಕಿತ್ತುಕೊಂಡು ಅವನ ಎದೆಗೆ ಬೀಸಿ ಹೊಡೆದಳು. ಇನ್ನೊಮ್ಮೆ ಹೊಡೆಯಲು ಕೈ ಎತ್ತಿದವಳು ಅಳುತ್ತಾ ಅವನ ಹೆಗಲಿಗೆ ಹಣೆ ಆನಿಸಿದಳು.

"ನನ್ನ ಸಿಟ್ಟು ಇನ್ನೂ ಹೋಗಿಲ್ಲ."

"ಹೋಗ್ಲಿ ಅಂತ ನಾನೆಲ್ಲಿ ಕೇಳ್ದೆ?"

"ವರ್ಷಗಟ್ಟಲೆ ಬೈತೀನಿ ನಿನ್ನ."

"ಪಕ್ಕದಲ್ಲೇ ಕೂತು ಬೈ," ಎಂದ ಅವನು, ಅವಳ ಕೂದಲು ಸವರುತ್ತಾ. "ದೂರದಿಂದ ಬೈದ್ರೆ ಕೇಳಿಸಲ್ಲ."