ಆಷಾಢದಿಂದೀಚಿನ ಉಗುರು

ನವೆಂಬರ್ ಹನ್ನೊಂದು, ಮಂಗಳವಾರ. ಬೆಳಿಗ್ಗೆ ಹತ್ತೂಕಾಲಿಗೆ ವಿಜಯವಾಡದ ಠಾಣೆಯೊಂದಕ್ಕೆ ಬಂದ ಹೆಂಗಸು ಕುರ್ಚಿಯಲ್ಲಿ ಕೂರುವ ಮೊದಲೇ ತನ್ನ ಮೊಬೈಲನ್ನು ಇನ್‌ಸ್ಪೆಕ್ಟರ್ ಭ್ರಮರಾಂಬಳ ಮುಖದ ಮುಂದೆ ಹಿಡಿದಳು. ಪರದೆಯ ಮೇಲೆ ಒಂದು ಹೆಣ್ಣಿನ ಕೈ ಇತ್ತು. ಬೆರಳುಗಳು ಸಣಕಲಾಗಿದ್ದವು. ಪ್ರತಿ ಉಗುರಿನ ಮೇಲೂ ಅಡ್ಡಡ್ಡ ಬಿಳಿ ಗೆರೆಗಳಿದ್ದವು.

“ನನ್ನ ತಂಗಿ ಕೈ. ಅವಳ ಗಂಡ ಅವಳಿಗೆ ವಿಷ ಹಾಕ್ತಿದಾನೆ,” ಎಂದಳು.

ಹೇಳಿದ್ದು ತೆಲುಗಿನಲ್ಲೇ. ಆದರೆ ಆ ತೆಲುಗಿನ ಬೆನ್ನಿಗೆ ಕನ್ನಡ ನಿಂತಿರುವುದು ಭ್ರಮರಾಂಬಳಿಗೆ ಕೂಡಲೇ ತಿಳಿಯಿತು. “ಕನ್ನಡದಾಗೇ ಹೇಳ್ರಿ. ನಮ್ಮಮ್ಮ ಹೊಸಪೇಟೆಯವ್ರು,” ಎಂದಳು.

ಹೆಂಗಸಿನ ಹೆಸರು ಗಿರಿಜಾ. ತವರು ದಾವಣಗೆರೆ. ವಿಜಯವಾಡದ ಹಳೇ ಪೇಟೆ ಒನ್ ಟೌನ್‌ನ ಬೇಳೆಕಾಳು ಸಗಟು ವ್ಯಾಪಾರಿಯೊಬ್ಬನನ್ನು ಮದುವೆಯಾಗಿ ಈ ಊರಿಗೆ ಬಂದವಳು. ತಂಗಿ ಪ್ರೇರಣಾ, ತಂಗಿಯ ಗಂಡ ಅಶ್ವತ್ಥ. ಅವನು ಬ್ಯಾಂಕ್ ಅಧಿಕಾರಿ, ವರ್ಗವಾಗಿ ವಿಶಾಖಪಟ್ಟಣಕ್ಕೆ ಬಂದು ಎಂವಿಪಿ ಕಾಲೋನಿಯಲ್ಲಿ ಮನೆ ಮಾಡಿದ್ದಾನೆ. ಆಗಸ್ಟ್‌ನಲ್ಲಿ ಪ್ರೇರಣಾ ಹಾಸಿಗೆ ಹಿಡಿದಳು. ಗಣೇಶನ ಹಬ್ಬ ಕಳೆದ ಕೂಡಲೇ ಗಿರಿಜಾ ಹೋಗಿ ಅವಳನ್ನು ಕರೆತಂದಳು. ಆದರೂ ವಾಂತಿ ನಿಲ್ಲಲಿಲ್ಲ, ಪಾದಗಳು ಬೆಂಕಿಯಾಗುತ್ತಿದ್ದವು. ಈಗ ಬೆಂಜ್ ಸರ್ಕಲ್ ಹತ್ತಿರದ ಆಸ್ಪತ್ರೆಯಲ್ಲಿ ಮಲಗಿದ್ದಾಳೆ.

“ವಿಷ ಅಂತ ಯಾಕೆ ಅನ್ನಿಸ್ತು?”

“ಫೋನಲ್ಲಿ ಒಂದು ವೀಡಿಯೊ ಬಂದಿತ್ತು ಮೇಡಂ. ಉಗುರು ನೋಡಿ ರೋಗ ಹೇಳೋದು. ಹಳದಿ ಇದ್ರೆ ಇದು, ನೀಲಿ ಇದ್ರೆ ಅದು, ಹಿಂಗೆ ಬಿಳಿ ಗೆರೆ ಬಿದ್ರೆ ವಿಷ ಅಂತ.”

“ಗಂಡ ಇಲ್ಲಿಗೆ ಬಂದಿದ್ನಾ?”

“ದಸರಾಕ್ಕೆ ಬಂದಿದ್ದ. ಕಾಜಾ ಸ್ವೀಟಿನ ಡಬ್ಬಿ ತಂದಿದ್ದ. ಈಗ ಶನಿವಾರ ಬಂದು ವಾಪಸ್ ಕರ್ಕೊಂಡು ಹೋಗ್ತೀನಿ ಅಂತಿದಾನೆ. ಕಳಿಸಿದ್ರೆ ಕೊಂದೇ ಬಿಡ್ತಾನೆ.”

ಕಾನ್‌ಸ್ಟೇಬಲ್ ಫಣಿ ಪಕ್ಕದಲ್ಲಿ ನಿಂತು ಕಿವಿಗೊಟ್ಟಿದ್ದ. ಫಣಿಗೆ ಯಾವ ಕೇಸಾದರೂ ಮೊದಲ ಐದು ನಿಮಿಷದಲ್ಲೇ ತೀರ್ಪು ಹೊರಬರುತ್ತದೆ. ಇದಕ್ಕೂ ಬಂತು. “ಕಾಜಾದಲ್ಲೇ ಹಾಕಿರ್ತಾನೆ ಮೇಡಂ,” ಎಂದ.

ಮಧ್ಯಾಹ್ನ ಆಸ್ಪತ್ರೆಗೆ ಹೋದಾಗ ಫೊರೆನ್ಸಿಕ್ ವೈದ್ಯ ಡಾ. ಯಶ್ವಂತ್‌ನನ್ನೂ ಭ್ರಮರಾಂಬ ಕರೆಸಿಕೊಂಡಳು. ಪ್ರೇರಣಾ ಗೋಡೆಯ ಕಡೆ ತಿರುಗಿ ಮಲಗಿದ್ದಳು. ಗಿರಿಜಾ ಅವಳ ತಲೆ ನೇವರಿಸುತ್ತಿದ್ದಳು. ಡಾಕ್ಟರ್ ಪ್ರೇರಣಾಳ ಹೆಬ್ಬೆರಳನ್ನು ಕಿಟಕಿಯ ಬೆಳಕಿಗೆ ತಿರುಗಿಸಿ ಬಹಳ ಹೊತ್ತು ನೋಡಿದ.

ಆ ಒಂದು ಉಗುರಿನಲ್ಲಿ ಬಹಳ ಕತೆ ಇತ್ತು. ತುದಿಯಲ್ಲಿ ಕಿತ್ತಳೆ ಬಣ್ಣದ ಸಣ್ಣ ಪಟ್ಟಿ. ಅದರ ಕೆಳಗೆ ಅಡ್ಡಕ್ಕೆ ಒಂದು ಹಳ್ಳ, ಬೆರಳಾಡಿಸಿದರೆ ತಗಲುವಷ್ಟು. ಹಳ್ಳದ ಕೆಳಗೆ, ಬುಡದ ಕಡೆಗೆ, ಮೂರು ಬಿಳಿ ಗೆರೆಗಳು.

“ದೊಡ್ಡ ಕಾಯಿಲೆ ಬಂದಾಗ ಉಗುರು ಬೆಳೆಯೋದು ನಿಂತುಬಿಡುತ್ತೆ. ಆಗ ಹೀಗೆ ಹಳ್ಳ ಬೀಳುತ್ತೆ,” ಎಂದ ಡಾಕ್ಟರ್. “ಬಿಳಿ ಗೆರೆ ಬೇರೆ ಮಾತು. ಉಗುರಲ್ಲಿ ಬಿಳಿ ಕಂಡವರೆಲ್ಲ ವಿಷ ತಿಂದವರಲ್ಲ. ಪೆಟ್ಟು ಬಿದ್ದರೂ ಚುಕ್ಕೆ ಬರುತ್ತೆ, ಬೇರೆ ಕಾಯಿಲೆಗಳಲ್ಲೂ ಗೆರೆ ಬರುತ್ತೆ. ಆದರೆ ಹತ್ತು ಬೆರಳಲ್ಲೂ ಒಂದೇ ಅಂತರದಲ್ಲಿ ಹೀಗೆ ಬಂದರೆ ನನಗೆ ಅನುಮಾನ. ಮೂತ್ರ ಪರೀಕ್ಷೆ ಆಗಲಿ.”

“ಹಳ್ಳ ಬಿದ್ದಿದ್ದು ಅಲ್ಲೇ, ವೈಜಾಗಲ್ಲೇ,” ಎಂದಳು ಗಿರಿಜಾ. “ಅಲ್ಲಿಂದಲೇ ಶುರು ಮಾಡಿದಾನೆ ನೋಡಿ ಮೇಡಂ.”

ಪ್ರೇರಣಾ ಕಣ್ಣು ತೆರೆದಳು. “ಅವರನ್ನ ಒಳಗೆ ಬಿಡಬೇಡಿ ಮೇಡಂ,” ಎಂದಳು. “ಅಕ್ಕ ಇಲ್ಲದೇ ಹೋಗಿದ್ರೆ ನಾನು ಇಷ್ಟೊತ್ತಿಗೆ ಇರ್ತಿರಲಿಲ್ಲ.”

ಮರುದಿನ ಸಂಜೆ ವರದಿ ಬಂತು. ಮೂತ್ರದಲ್ಲಿ ಶಂಖಪಾಷಾಣ, ಅಂದರೆ ಆರ್ಸೆನಿಕ್, ಇತ್ತು. ಐದೂವರೆಗೆ ಭಾರತೀಯ ನ್ಯಾಯ ಸಂಹಿತೆಯ 123ನೇ ಕಲಮಿನ ಅಡಿ ಎಫ್‌ಐಆರ್ ದಾಖಲಾಯಿತು. ಮಹಿಳಾ ಕಾನ್‌ಸ್ಟೇಬಲ್ ಸಾಯಿಯನ್ನು ಕೋಣೆಯ ಬಾಗಿಲಿಗೆ ಕಾವಲು ಹಾಕಲಾಯಿತು. ಗಂಡನನ್ನಾಗಲಿ, ಅವನ ಕಡೆಯವರನ್ನಾಗಲಿ ಒಳಗೆ ಬಿಡಬಾರದು, ಅಕ್ಕನೊಬ್ಬಳೇ ಜೊತೆಗಿರಲಿ ಎಂದು ಭ್ರಮರಾಂಬ ಬಾಯಾರೆ ಹೇಳಿದಳು.

ಗುರುವಾರ ಬೆಳಗಿನ ರತ್ನಾಚಲ್ ಎಕ್ಸ್‌ಪ್ರೆಸ್‌ನಲ್ಲಿ ಅವಳೂ ಫಣಿಯೂ ವಿಶಾಖಪಟ್ಟಣಕ್ಕೆ ಹೊರಟರು. ಎಂವಿಪಿ ಕಾಲೋನಿಯ ಮನೆ ತಲುಪಿದಾಗ ಮಧ್ಯಾಹ್ನ ಒಂದೂವರೆ. ಅಶ್ವತ್ಥ ಬಾಗಿಲು ತೆರೆದ. ಗಡ್ಡ ಬೋಳಿಸಿರಲಿಲ್ಲ. ಒಂದು ಸೂಟ್‌ಕೇಸ್ ಹಾಲ್‌ನಲ್ಲಿ ಬಾಯಿ ತೆರೆದುಕೊಂಡು ಬಿದ್ದಿತ್ತು. ಫಣಿ ಅದನ್ನು ಗುರುಗುಟ್ಟಿ ನೋಡಿದ.

“ಎಲ್ಲಿಗೆ ಹೊರಟಿದ್ರಿ?”

“ಶನಿವಾರ ವಿಜಯವಾಡಕ್ಕೆ. ಪ್ರೇರಣಾನ ಕರ್ಕೊಂಡ್ ಬರೋಕೆ.”

“ಆಗಸ್ಟ್‌ನಾಗ ಆಕೀಗೆ ಏನಾಗಿತ್ತು?”

“ಡೆಂಗ್ಯೂ ಮೇಡಂ. ಪ್ಲೇಟ್ಲೆಟ್ ಇಳಿದು ಐಸಿಯುನಲ್ಲಿದ್ಲು. ಡಿಸ್ಚಾರ್ಜ್ ಆದ ವಾರಕ್ಕೇ ಅತ್ತಿಗೆ ಬಂದು ಕರ್ಕೊಂಡ್ ಹೋದ್ರು.”

“ಆಮೇಲೆ ನೀವು ಎಷ್ಟು ಸಲ ಹೋಗಿದ್ರಿ?”

“ಒಂದೇ ಸಲ, ದಸರಾಕ್ಕೆ. ಅತ್ತಿಗೆ ಬಾಗಿಲಲ್ಲೇ ನಿಲ್ಲಿಸಿ, ಮಲಗಿದಾಳೆ ಎಬ್ಬಿಸಬೇಡಿ ಅಂದ್ರು. ಕಾಜಾ ಡಬ್ಬಿ ಕೊಟ್ಟು ಬಂದೆ. ಫೋನ್ ಮಾಡಿದ್ರೂ ಅವರೇ ಎತ್ತಿ ಮಾತಾಡ್ತಾರೆ.” ಅವನು ಸೂಟ್‌ಕೇಸಿನ ಮುಚ್ಚಳ ಮುಚ್ಚಿದ. “ಅವಳು ನನ್ನ ಮೇಲೆ ಯಾಕೆ ಮುನಿಸ್ಕೊಂಡಿದಾಳೆ ಅಂತಲೇ ಗೊತ್ತಾಗ್ತಿಲ್ಲ.”

ಆಸ್ಪತ್ರೆಯ ಕಾಗದಗಳು ಡೆಂಗ್ಯೂ ಎಂದೇ ಹೇಳುತ್ತಿದ್ದವು. ಫಣಿ ಅಡುಗೆಮನೆಯ ಡಬ್ಬಿಗಳನ್ನೆಲ್ಲ ಮೂಸಿ ನೋಡಿ, ಸಾಂಬಾರು ಪುಡಿಗೆ ಸೀನಿ, ಬರಿಗೈಯಲ್ಲಿ ಬಂದ. ಎದುರು ಮನೆಯ ಮಾಧವೀಲತಾ ಹೇಳಿಕೆ ಕೊಡಲು ಬಂದು, ಗಂಡ ಹೆಂಡತಿ ಚೆನ್ನಾಗಿದ್ದರು ಎಂದಳು. ಸಾಕ್ಷಿಗೆಂಬಂತೆ ಫೋನ್ ತೆಗೆದು ಒಂದು ಚಿತ್ರ ತೋರಿಸಿದಳು. ಆಷಾಢದಲ್ಲಿ ಅಪಾರ್ಟ್‌ಮೆಂಟಿನ ಹೆಂಗಸರೆಲ್ಲ ಕೂಡಿ ಗೋರಿಂಟಾಕು ಹಚ್ಚಿಕೊಂಡ ದಿನದ್ದು. ರುಬ್ಬಿದ ಗೋರಂಟಿ ಸೊಪ್ಪನ್ನು ಬೆರಳ ತುದಿಗಳಿಗೆ ಟೋಪಿ ಹಾಕಿದಂತೆ ಮೆತ್ತಿಕೊಳ್ಳುವುದು ಇಲ್ಲಿಯ ಪದ್ಧತಿ. ತೊಳೆದ ಮೇಲೆ ತೆಗೆದ ಚಿತ್ರದಲ್ಲಿ ಪ್ರೇರಣಾ ಎರಡೂ ಕೈ ಮುಂದೆ ಚಾಚಿ ನಗುತ್ತಿದ್ದಳು. ಹತ್ತು ಉಗುರೂ ಬುಡದಿಂದ ತುದಿಯವರೆಗೆ ಕೆಂಪಗಿದ್ದವು. ಕೆಳಗೆ ದಿನಾಂಕವಿತ್ತು, ಜುಲೈ ಆರು.

ಭ್ರಮರಾಂಬ ತನ್ನ ಹೆಬ್ಬೆರಳನ್ನು ನೋಡಿಕೊಂಡಳು. ಖಾಕಿ ತೊಟ್ಟರೂ ಆಷಾಢದ ಗೋರಿಂಟಾಕನ್ನು ಅವಳು ಒಂದು ವರ್ಷವೂ ಬಿಟ್ಟವಳಲ್ಲ. ಅದೇ ವಾರ ಅವಳೂ ಹಚ್ಚಿಕೊಂಡಿದ್ದಳು. ಈಗ ಉಳಿದಿದ್ದದ್ದು ತುದಿಯ ಸಣ್ಣ ಪಟ್ಟಿ ಮಾತ್ರ. ಪ್ರೇರಣಾಳ ಉಗುರಿನಲ್ಲೂ ಅಷ್ಟೇ ಇತ್ತು. ಅದನ್ನು ನೋಡಿಯೂ ಹಳೆಯ ನೇಲ್ ಪಾಲಿಶ್ ಎಂದುಕೊಂಡು ಬಿಟ್ಟಿದ್ದಳಲ್ಲ ಎಂದು ಅವಳಿಗೆ ತನ್ನ ಮೇಲೇ ಸಿಟ್ಟು ಬಂತು.

ಕೂಡಲೇ ಡಾಕ್ಟರ್‌ಗೆ ಫೋನ್ ಮಾಡಿದಳು. “ಆ ಕಿತ್ತಳೆ ಬಣ್ಣ ಜುಲೈ ಆರರ ಗೋರಿಂಟಾಕು. ಉಳಿದದ್ದರ ಲೆಕ್ಕ ಹೇಳಿ.”

ಡಾಕ್ಟರ್ ತಾನು ತೆಗೆದಿಟ್ಟಿದ್ದ ಫೋಟೊಗಳನ್ನು ನೋಡಿ ಮಾತಾಡಿದ. “ಹಾಗಾದರೆ ಸುಲಭ. ಬಣ್ಣದ ಅಂಚಿನಿಂದ ಬುಡದವರೆಗಿನದು ಅಲ್ಲಿಂದೀಚೆಗೆ ಬೆಳೆದದ್ದು. ತಿಂಗಳಿಗೆ ಸುಮಾರು ಮೂರು ಮಿಲಿಮೀಟರ್. ಹಳ್ಳ ಬೀಳೋದು ಆಗಸ್ಟ್ ಮಧ್ಯಕ್ಕೆ.”

“ಅದು ಡೆಂಗ್ಯೂ. ಕಾಗದ ನನ್ನ ಕೈಯಲ್ಲೇ ಇದೆ. ಬಿಳಿ ಗೆರೆಗಳು?”

“ಮೊದಲನೇದು ಸೆಪ್ಟೆಂಬರ್ ನಡುವೆ. ಉಳಿದ ಎರಡೂ ಅದರ ಈಚೆಗೆ. ಇತ್ತೀಚೆಗೆ ಕೊಟ್ಟದ್ದಿದ್ದರೆ ಅದು ಇನ್ನೂ ಚರ್ಮದ ಕೆಳಗೇ ಇರುತ್ತೆ, ಮೇಲೆ ಕಾಣೋಕೆ ವಾರಗಳು ಬೇಕು.”

ಸೆಪ್ಟೆಂಬರ್ ನಡುವೆ ಪ್ರೇರಣಾ ಇದ್ದದ್ದು ಒನ್ ಟೌನ್‌ನಲ್ಲಿ, ಅಕ್ಕನ ಮನೆಯಲ್ಲಿ. ಗಂಡ ಹೋದದ್ದು ಅದಾದ ಮೇಲೆ, ಅದೂ ಒಂದೇ ಸಲ, ಬಾಗಿಲವರೆಗೆ. ಗೆರೆ ಮೂರು. ಭ್ರಮರಾಂಬ ಕಾವಲು ಹಾಕಿ ಬಂದದ್ದು ಗಂಡ ಒಳಗೆ ಬರದಂತೆ. ಅಕ್ಕನ ಊಟದ ಕ್ಯಾರಿಯರ್‌ಗೆ ಪೊಲೀಸರೇ ಬಾಗಿಲು ತೆರೆದು ದಾರಿ ಬಿಡುತ್ತಿದ್ದರು.

ಸಾಯಿಗೆ ಫೋನ್ ಹಚ್ಚಿದಳು. ರಿಂಗ್ ಆಗಿ ಆಗಿ ನಿಂತಿತು. ಮತ್ತೆ ಹಚ್ಚಿದಳು, ಎತ್ತಲಿಲ್ಲ. ರೋಗಿಯ ನಿದ್ದೆ ಕೆಡಬಾರದೆಂದು ಸಾಯಿ ಫೋನನ್ನು ಸೈಲೆಂಟ್‌ನಲ್ಲಿಟ್ಟಿದ್ದಳು. ಎಂತಹ ಒಳ್ಳೆಯ ಬುದ್ಧಿ! ಅಶ್ವತ್ಥ ಎದುರಿಗೆ ನಿಂತು, “ಏನಾಯ್ತು ಮೇಡಂ? ಪ್ರೇರಣಾಗೆ ಏನಾಯ್ತು?” ಎಂದು ಕೇಳುತ್ತಲೇ ಇದ್ದ. ಭ್ರಮರಾಂಬ ಮೂರನೇ ಸಲ ಹಚ್ಚಿದಳು. ಫಣಿ ಆಸ್ಪತ್ರೆಯ ರಿಸೆಪ್ಷನ್ ನಂಬರ್ ಹುಡುಕಿ, ಅಲ್ಲಿದ್ದವರ ಮೇಲೆ ಕೂಗಾಡಿ, ಒಬ್ಬ ನರ್ಸನ್ನು ಮೇಲಕ್ಕೆ ಓಡಿಸಿದ. ಈ ಕೇಸಿನಲ್ಲಿ ಅವನು ಮಾಡಿದ ದೊಡ್ಡ ಕೆಲಸ ಅದೇ. ಅಂತೂ ಸಾಯಿ ಲೈನಿಗೆ ಬಂದಳು.

“ಅಕ್ಕ ಎಲ್ಲಿ?”

“ಒಳಗಿದಾರೆ ಮೇಡಂ. ಗಂಜಿ ತಿನ್ನಿಸ್ತಿದಾರೆ.”

“ಕಿತ್ಕೋ! ಮೊದಲು ಬಟ್ಟಲು ಕಿತ್ಕೋ!”

ಆಮೇಲೆ ಕೇಳಿಸಿದ್ದು ಬಾಗಿಲ ಸದ್ದು, ಒಂದು ಚೀರಾಟ, ಸ್ಟೀಲ್ ಪಾತ್ರೆ ನೆಲಕ್ಕೆ ಬಿದ್ದ ಸದ್ದು. ಸ್ವಲ್ಪ ಹೊತ್ತಿನ ಮೇಲೆ ಸಾಯಿ ಏದುಸಿರು ಬಿಡುತ್ತಾ ಹೇಳಿದಳು. “ಸಿಂಕಿಗೆ ಸುರಿಯೋಕೆ ಹೋದ್ರು ಮೇಡಂ. ಕೈ ಹಿಡ್ಕೊಂಡೆ. ಅರ್ಧ ಚೆಲ್ತು, ಅರ್ಧ ಉಳಿದಿದೆ.”

“ಪ್ರೇರಣಾ ತಿಂದಿದಾಳಾ?”

“ಎರಡು ಚಮಚ.”

ಆ ಎರಡು ಚಮಚಕ್ಕಾಗಿ ವೈದ್ಯರು ಸಂಜೆಯವರೆಗೆ ಹೋರಾಡಿದರು. ಕಾರಿನಲ್ಲಿ ವಿಜಯವಾಡಕ್ಕೆ ಮರಳುವ ದಾರಿಯುದ್ದಕ್ಕೂ ಅಶ್ವತ್ಥ ಹಿಂದಿನ ಸೀಟಿನಲ್ಲಿ ಕೈ ಮುಗಿದುಕೊಂಡೇ ಕೂತಿದ್ದ. ತುನಿ ದಾಟಿದ ಮೇಲೆ, ಅಪಾಯವಿಲ್ಲ ಎಂದು ಆಸ್ಪತ್ರೆಯಿಂದ ಫೋನ್ ಬಂತು. ಅಶ್ವತ್ಥ ಮಗುವಿನ ಹಾಗೆ ಅತ್ತ.

ಉಳಿದ ಗಂಜಿಯನ್ನು ಇಬ್ಬರು ಪಂಚರ ಸಮಕ್ಷಮ ಸೀಲ್ ಮಾಡಿ ಪ್ರಯೋಗಾಲಯಕ್ಕೆ ಕಳಿಸಲಾಯಿತು. ಒನ್ ಟೌನ್‌ನ ಮನೆಯ ಶೋಧನೆಯಲ್ಲಿ, ಅಡುಗೆಮನೆಯ ಅಟ್ಟದ ಮೇಲೆ, ಒಂದು ತುಕ್ಕು ಹಿಡಿದ ಡಬ್ಬಿ ಸಿಕ್ಕಿತು. ಗೋದಾಮಿನ ಇಲಿಗಳಿಗೆಂದು ಮಾವನ ಕಾಲದಲ್ಲಿ ತಂದಿಟ್ಟಿದ್ದ ಪಾಷಾಣ. ಪಂಚನಾಮೆ ಬರೆಯುವಾಗ ಗಿರಿಜಾಳ ಮಗಳು, ಡಿಗ್ರಿ ಓದುತ್ತಿರುವ ಪ್ರತ್ಯೂಷಾ, ಗೋಡೆಗೊರಗಿ ನಿಂತಿದ್ದಳು.

“ಕಾಜಾ ಯಾರು ತಿಂದರು?” ಎಂದು ಭ್ರಮರಾಂಬ ತೆಲುಗಿನಲ್ಲಿ ಕೇಳಿದಳು.

“ನಾನೇ. ಎಲ್ಲಾ ನಾನೇ ತಿಂದೆ. ನನಗೇನೂ ಆಗಲಿಲ್ಲ.”

“ಗಂಜಿ?”

“ಅದು ಚಿಕ್ಕಮ್ಮನಿಗೆ ಮಾತ್ರ. ಒಂದು ಸಲ ನಾನು ಒಂದು ಲೋಟ ಬಗ್ಗಿಸಿಕೊಂಡೆ. ಅಮ್ಮ ಕಿತ್ತುಕೊಂಡು ಚೆಲ್ಲಿ, ಲೋಟವನ್ನು ಮೂರು ಸಲ ತೊಳೆದಳು.” ಹೇಳುತ್ತಿದ್ದಂತೆ ಅವಳಿಗೆ ತಾನು ಹೇಳುತ್ತಿರುವುದೇನೆಂದು ಹೊಳೆಯಿತು. ಬಾಯಿಗೆ ಕೈ ಅಡ್ಡ ಇಟ್ಟುಕೊಂಡಳು.

ಸೂರ್ಯ ಮುಳುಗಿದ ಮೇಲೆ ಹೆಂಗಸನ್ನು ಬಂಧಿಸುವಂತಿಲ್ಲವಾದ್ದರಿಂದ ಆ ರಾತ್ರಿ ಅವಳನ್ನು ಮನೆಯಲ್ಲೇ ಕಾವಲಿನಲ್ಲಿಟ್ಟು, ಶುಕ್ರವಾರ ಬೆಳಿಗ್ಗೆ ಏಳಕ್ಕೆ ಗಿರಿಜಾಳನ್ನು ಬಂಧಿಸಿದರು. ಕೊಲೆ ಯತ್ನದ ಕಲಮೂ ಸೇರಿತು. ಠಾಣೆಯಲ್ಲಿ ಅವಳು ಹಟ ಮಾಡಲಿಲ್ಲ. ಮೊದಲು ಕೇಳಿದ್ದು, “ಪ್ರೇರಣಾ ಹೆಂಗಿದಾಳೆ?” ಎಂದು.

“ಬದುಕಿದಾಳೆ. ಯಾಕೆ ಮಾಡಿದ್ರಿ?”

ಗಿರಿಜಾ ಸೆರಗಿನ ಅಂಚನ್ನು ಬೆರಳಿಗೆ ಸುತ್ತುತ್ತಾ ಮಾತಾಡಿದಳು. “ನಾನು ಈ ಊರಿಗೆ ಬಂದು ಇಪ್ಪತ್ತೆರಡು ವರ್ಷ ಆಯ್ತು ಮೇಡಂ. ಮಗಳ ಹತ್ರ ಕನ್ನಡದಲ್ಲಿ ಮಾತಾಡಿದ್ರೆ ತೆಲುಗಲ್ಲಿ ಉತ್ತರ ಬರುತ್ತೆ, ಅದೂ ಫೋನ್ ನೋಡ್ಕೊಂಡು. ಯಜಮಾನ್ರಿಗೆ ಅಂಗಡಿ ಆಯ್ತು, ಅವರಾಯ್ತು. ನಾನು ಸಿಟ್ಟಲ್ಲಿ ಬೈದ್ರೂ ಆ ಮನೇಲಿ ಯಾರಿಗೂ ನಾಟಲ್ಲ. ಇವಳು ಬಂದ್ಲು ನೋಡಿ, ಇಬ್ರೂ ಹಾಸಿಗೆ ಮೇಲೆ ಕೂತು ಮಾತಾಡಿದ್ದೇ ಮಾತಾಡಿದ್ದು. ನಕ್ಕು ನಕ್ಕು ಹೊಟ್ಟೆ ನೋವು ಬರೋದು. ಸೆಪ್ಟೆಂಬರಲ್ಲಿ ಹುಷಾರಾದ್ಲು. ಬ್ಯಾಗ್ ತುಂಬ್ಕೊಂಡ್ಲು.”

“ಅದಕ್ಕೆ?”

“ವಾಂತಿ ಆದ್ರೆ ಇನ್ನೊಂದು ವಾರ ಇರ್ತಾಳೆ ಅಂದ್ಕೊಂಡೆ. ಆಮೇಲೆ ಮತ್ತೆ ಹುಷಾರಾದ್ಲು. ಮತ್ತೆ ಹೊರಟ್ಲು. ಶನಿವಾರ ಅವನೇ ಬರ್ತೀನಿ ಅಂದಾಗ, ದೂರು ಕೊಟ್ರೆ ಕಳಿಸೋದು ತಪ್ಪುತ್ತೆ ಅಂತ ನಿಮ್ಮ ಹತ್ರ ಬಂದೆ.”

“ಸತ್ತೇ ಹೋಗ್ತಾಳೆ ಅಂತ ಹೆದರಿಕೆ ಆಗಲಿಲ್ಲೇನ್ರಿ?”

“ಆಯ್ತು ಮೇಡಂ. ಆದ್ರೆ ಹೋಗಿಬಿಡ್ತಾಳೆ ಅನ್ನೋ ಹೆದರಿಕೆ ಅದಕ್ಕಿಂತ ಜಾಸ್ತಿ ಇತ್ತು.”

ವೈದ್ಯರು ಒಪ್ಪಿದ ಮೇಲೆ, ಶನಿವಾರ, ಅಶ್ವತ್ಥ ಆಸ್ಪತ್ರೆಯ ಕೋಣೆಯೊಳಗೆ ಕಾಲಿಟ್ಟ. ಪ್ರೇರಣಾ ಅವನನ್ನು ನೋಡಿ ಗೋಡೆಗೆ ಸರಿದಳು. ನಡೆದದ್ದನ್ನು ಭ್ರಮರಾಂಬಳೇ ಹೇಳಿದ್ದರೂ ಅವಳು ನಂಬಿರಲಿಲ್ಲ, ಅಕ್ಕನನ್ನು ಕರೆಸಿ ಎನ್ನುತ್ತಲೇ ಇದ್ದಳು. ಯಾರ ಕೈಯಿಂದಲೂ ನೀರು ಕೂಡ ಕುಡಿಯುತ್ತಿರಲಿಲ್ಲ. ಗೆರೆಗಳು ತಿಂಗಳುಗಟ್ಟಲೆ ಬೆಳೆದು ಬೆಳೆದು ತುದಿಗೆ ಬರುತ್ತವೆ, ಆಗ ಕತ್ತರಿಸಿ ಎಸೆದರಾಯಿತು ಎಂದು ಡಾಕ್ಟರ್ ಧೈರ್ಯ ಹೇಳಿದ. ಅವಳು ಕೈಗಳನ್ನು ಹೊದಿಕೆಯ ಕೆಳಗೆ ಬಚ್ಚಿಟ್ಟುಕೊಂಡಳು.

ಬಂಧನವಾದ ದಿನವೇ, ಶುಕ್ರವಾರ ಮಧ್ಯಾಹ್ನ, ಗಿರಿಜಾಳನ್ನು ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಿದ್ದರು. ಹದಿನಾಲ್ಕು ದಿನದ ರಿಮಾಂಡ್ ಆಯಿತು. ಕೋರ್ಟಿನಿಂದ ಹೊರಟ ಜೀಪಿನಲ್ಲಿ ಅವಳನ್ನು ಹಿಂದೆ ಕೂರಿಸಿ ಭ್ರಮರಾಂಬ ಮುಂದೆ ಕೂತಿದ್ದಳು. ಬೆಂಜ್ ಸರ್ಕಲ್ ಸಿಗ್ನಲ್‌ನಲ್ಲಿ ಗಾಡಿ ನಿಂತಾಗ ಗಿರಿಜಾ ಮುಂದಿನ ಸೀಟಿನ ಕಡೆ ಬಾಗಿ ಮೆಲ್ಲಗೆ ಕೇಳಿದಳು.

“ಜೈಲಲ್ಲಿ ಕನ್ನಡದವರು ಯಾರಾದ್ರೂ ಇರ್ತಾರಾ ಮೇಡಂ?”

ಭ್ರಮರಾಂಬ ತಿರುಗಿ ನೋಡಲಿಲ್ಲ. ಗೊತ್ತಿಲ್ಲ ಎಂದಳು, ತೆಲುಗಿನಲ್ಲಿ.